ನವಿಲು ತೆಗೆದ ಜಾಗ

ನಸೀಮಾಬಿ ಜಮಖಾನದ ನಡುವಿನ ಕೆಂಪು ನವಿಲನ್ನು ಎಳೆ ಎಳೆಯಾಗಿ ಬಿಚ್ಚುತ್ತಿದ್ದಳು. ರಾತ್ರಿ ತೀರಿಕೊಂಡ ದಿನಕರ ಮಾಸ್ತರರನ್ನು ಹನ್ನೊಂದಕ್ಕೆ ಎತ್ತುತ್ತಾರಂತೆ. ಆಗಲೇ ಹತ್ತು ದಾಟಿತ್ತು.

"ಒಂದು ನವಿಲಿದ್ರ ಏನಾತು ಅಮ್ಮಿ?" ಎಂದಳು ಮಗಳು ತಬಸುಮ್.

"ಏನೂ ಇರಬಾರದು ಅಂದಿದ್ರು ಅವರು. ಹೂಂ ಅಂದೇನಿ ನಾ."

ಹೂಂ ಅಂದದ್ದೇನೋ ನಿಜ. ಆದರೆ ಮೂವತ್ತು ವರ್ಷ ನವಿಲು ನೇಯ್ದ ಕೈಗೆ ಬುದ್ಧಿ ಹೇಳುವವರು ಯಾರು? ಮಾಸ್ತರರು ಆಸ್ಪತ್ರೆ ಸೇರಿದ ದಿನ ಅವಳ ಮನಸ್ಸು ಎಲ್ಲೋ ಇತ್ತು. ಬಿಳಿ ನೂಲಿನ ನಡುವೆ ಬೆರಳುಗಳು ತಮ್ಮ ಪಾಡಿಗೆ ತಾವು ನವಿಲೊಂದನ್ನು ಕೂರಿಸಿಬಿಟ್ಟಿದ್ದವು.

*

ಗಂಡ ಇನಾಯತ್ ತೀರಿಕೊಂಡ ವರ್ಷ ಅವಳ ಮಗ್ಗ ಎಂಟು ತಿಂಗಳು ಬರಿದಾಗಿ ನಿಂತಿತ್ತು. ಒಂದು ಮಧ್ಯಾಹ್ನ ಮಾಸ್ತರರು ಬಂದು ಅದರ ಮುಂದೆ ಕೂತರು. ಶಾಲೆಯಿಂದ ನಿವೃತ್ತರಾದ ಮೇಲೂ ಸೃಷ್ಟಿಗೆ ಮೊದಲು ಏನಿತ್ತು ಎಂಬ ಪ್ರಶ್ನೆ ಅವರ ಬೆನ್ನು ಬಿಟ್ಟಿರಲಿಲ್ಲ. ಬೆನ್ನ ಹಿಂದೆ ಊರೆಲ್ಲ ಅವರನ್ನು ಶೂನ್ಯ ಮಾಸ್ತರ ಎನ್ನುತ್ತಿತ್ತು. ಅವರು ಚಹಾದಂಗಡಿ ಹೊಕ್ಕರೆ ಅರ್ಧ ಮಂದಿಗೆ ಥಟ್ಟನೆ ಮನೆಯ ನೆನಪಾಗುತ್ತಿತ್ತು.

"ಆಗ ಏನೂ ಇರಲಿಲ್ಲ ಅಂತಾರ. ಇರಲಿಲ್ಲ ಅನ್ನಲಿಕ್ಕರೆ ಯಾರಿದ್ರವಾ? ಪುಸ್ತಕದಾಗ ಸಿಗಲಿಲ್ಲ. ನನಗೊಂದು ಜಮಖಾನ ನೇದು ಕೊಡು. ನವಿಲು, ಹೂವು, ಪಟ್ಟಿ, ಏನೂ ಬ್ಯಾಡ. ಏನೂ ಇಲ್ಲದ್ದು ಹೆಂಗಿರ್ತದ, ನೋಡೂಣು."

"ಅಂಥಾದ್ದು ಯಾರು ತಗೋತಾರ್ರಿ ಸರ್?"

"ನಾ ತಗೋತೀನಿ."

ಅವಳಿಗೆ ನಗು ಬಂತು. ಎಂಟು ತಿಂಗಳ ಮೇಲೆ ಬಂದ ನಗು. ಮರುದಿನವೇ ಮಗ್ಗಕ್ಕೆ ಹಾಸಿನ ಉದ್ದೆಳೆಗಳನ್ನು ಎಳೆದಳು. ಮಗ್ಗದ ಸದ್ದು ಕೇಳಿ ಬೇರೆಯವರೂ ಬಂದರು, ಅವರಿಗೆಲ್ಲ ನವಿಲೇ ಬೇಕು, ಅದೂ ಬೇಗ ಬೇಕು. "ಅವಸರಿಲ್ಲ. ನಂದು ಜಗತ್ತಿಗಿಂತ ಹಳೇದು, ಕಾಯ್ತದ" ಎಂದು ಮಾಸ್ತರರು ಹನ್ನೆರಡು ವರ್ಷ ಕಾದರು. ಅಷ್ಟರಲ್ಲಿ ಆ ನವಿಲುಗಳ ದುಡ್ಡಿನ ಮೇಲೆಯೇ ತಬಸುಮ್ ನರ್ಸಿಂಗ್ ಓದಿ ಮುಗಿಸಿದಳು. ಮಾಸ್ತರರ ಬಿಳಿ ಜಮಖಾನಕ್ಕೆ ಕೈ ಹಾಕಲು ಬಿಡುವಾದದ್ದು ಈ ವರ್ಷವೇ.

*

ಮಾಸ್ತರರ ಅಂಗಳದಲ್ಲಿ ಚಟ್ಟ ಸಿದ್ಧವಾಗಿ, ಅವರನ್ನು ಅದರ ಮೇಲೆ ಮಲಗಿಸಿದ್ದರು. ನಸೀಮಾಬಿ ಮಡಿಸಿದ ಜಮಖಾನವನ್ನು ಎದೆಗವಚಿಕೊಂಡು ಮಾಸ್ತರರ ಹೆಂಡತಿ ದ್ವಾರಕಾಬಾಯಿಯ ಮುಂದೆ ನಿಂತಳು.

"ತಪ್ಪಾತ್ರಿ ಬಾಯಾರ. ಕೈತಪ್ಪಿ ನವಿಲು ಬಂದಿತ್ತು. ತಗದೇನಿ. ಆದ್ರ ಅದರ ಜಾಗಾ ಹೋಗವಲ್ತ್ರಿ."

ಕೆಂಪು ನೂಲೆಲ್ಲ ಹೋಗಿ ಅಲ್ಲಿ ತೆಳ್ಳಗಿನ ಹಾಸಿನ ಎಳೆಗಳಷ್ಟೇ ಉಳಿದಿದ್ದವು. ಕೊಕ್ಕಿನಿಂದ ಗರಿಯ ತುದಿಯವರೆಗೆ, ನವಿಲಿನ ಆಕಾರದ್ದೇ ಒಂದು ಬಯಲು.

ದ್ವಾರಕಾಬಾಯಿ ಅದರೊಳಗೆ ಬೆರಳಾಡಿಸಿದರು. ಅಳುತ್ತಿದ್ದವರು ಹಾಗೆಯೇ ನಕ್ಕುಬಿಟ್ಟರು.

"ಇದನ್ನ ಕಂಡಿದ್ರ ನೋಡ್ಕೋತ ಕೂತು ಇವತ್ತ ಊಟಕ್ಕ ಏಳ್ತಿದ್ದಿಲ್ಲ ನಿಮ್ಮ ಸರ್."

"ನನ್ನ ಮಗ್ಗಾ ತಿರುಗಿ ಕೊಟ್ಟವರು ಅವರ್ರಿ," ಎಂದಳು ನಸೀಮಾಬಿ. "ಬದುಕಿದ್ದಾಗ ಒಂದಿನಾನೂ ಹೇಳಲಿಲ್ಲ ನಾ."

"ಈಗ ಹೇಳು. ಹಿಡಿ ಆ ಕಡೆ. ಹೊದಸೂಣು."

ಇಬ್ಬರೂ ಎರಡೆರಡು ಮೂಲೆ ಹಿಡಿದು ಜಮಖಾನವನ್ನು ಮಾಸ್ತರರ ಮೇಲೆ ಎತ್ತಿ ಚಾಚಿದರು. ಬಿಸಿಲು ನೆತ್ತಿಗೆ ಬರುತ್ತಿತ್ತು. ಕೆಳಗೆ, ನೆರಳಿನ ನಡುವೆ, ಅವರ ಬಿಳಿ ಹೊದಿಕೆಯ ಎದೆಯ ಮೇಲೆ ಬೆಳಕಿನ ನವಿಲೊಂದು ಬಂದು ಕೂತಿತು.

ಹೊರುವವರು ಕಾದರು. ಇಬ್ಬರೂ ಕೈ ಇಳಿಸಲಿಲ್ಲ.