ಓದಿ ಹೇಳದ ಬೆಳಗು

ಶರತ್ಕಾಲ ಮುಗಿಯುತ್ತ ಬಂದಿತ್ತು. ಜಪಾನಿನ ಸಕಾತಾ ಬಂದರಿನಲ್ಲಿ ಬೆಳಗಿನ ದೋಣಿಗಳು ಮೀನು ಇಳಿಸಿ ಹೋದ ಹೊತ್ತು. ತೊಕುಜಿ ಅಂಗಡಿಯ ಒಳಗೋಣೆಯಲ್ಲಿ ಹೊಸ ಫ್ಯಾಕ್ಸ್ ಯಂತ್ರದ ಪರದೆಯ ಮುಂದೆ ಕೂತು ಮುಖ ಆಚೆ ತಿರುಗಿಸಿಕೊಂಡಿದ್ದ. ಸೊಸೆ ಒತ್ತುವ ಗುಟ್ಟಿನ ಅಂಕಿ ತಾನು ನೋಡಬಾರದೆಂದು ಅವನ ಎಣಿಕೆ.

"ನೀವೇ ಒತ್ತಬೇಕು ಮಾವ. ಬೀಗ ನಿಮ್ಮದೇ" ಎಂದಳು ಮಿಜುಹೊ.

ಊಟದ ಡಬ್ಬಿ ಮಾರುವ ಅಂಗಡಿ ಅದು. ಆಸ್ಪತ್ರೆಯಿಂದ ಮನೆಗೆ ಮರಳಿದವರಿಗೆ ಪಥ್ಯದ ಊಟವೂ ಅಲ್ಲಿಂದಲೇ. ಯಾರಿಗೆ ಉಪ್ಪು ಕಡಿಮೆ, ಯಾರಿಗೆ ಗಂಜಿ ಎಂಬುದು ಆಸ್ಪತ್ರೆಯಿಂದ ಫ್ಯಾಕ್ಸಿನಲ್ಲಿ ಬರುತ್ತಿತ್ತು. ಆ ಕಾಗದ ಗಿರಾಕಿಗಳ ಮಗ್ಗುಲಲ್ಲೇ ಬಂದು ಬೀಳುತ್ತಿತ್ತು. ಕಾಯುತ್ತ ನಿಂತವರು ಕತ್ತು ಚಾಚಿ ಓದುತ್ತಿದ್ದರು. ಕೊನೆಗೆ ಆಸ್ಪತ್ರೆಯವರು ಹೇಳಿಬಿಟ್ಟರು: ಇನ್ನು ಗುಟ್ಟಿನ ಅಂಕಿ ಒತ್ತಿದರಷ್ಟೇ ತೆರೆಯುವ, ಬೀಗವಿರುವ ಫ್ಯಾಕ್ಸು, ಇಲ್ಲವಾದರೆ ಬೇರೆ ಅಡುಗೆಮನೆ. ಮಿಜುಹೊ ಓಡಾಡಿ ಅದನ್ನು ಹಾಕಿಸಿದಳು.

ಆದರೆ ಫ್ಯಾಕ್ಸ್ ಕಳಿಸಿದವರು ಹಿಂದೆಯೇ ಫೋನು ಮಾಡಬೇಕು, ಪಡೆದವರು ಒಂದಕ್ಷರ ಬಿಡದೆ ಓದಿ ಒಪ್ಪಿಸಬೇಕು. ಅಲ್ಲಿಯ ವ್ಯಾಪಾರದ ಮರ್ಯಾದೆ ಅದು. ತೊಕುಜಿ ಓದಿದರೆ ಬೀದಿಯ ತಿರುವಿನವರೆಗೆ ಕೇಳುತ್ತಿತ್ತು. ಆ ದಿನವೂ ಓದಿದ. ಸೇತುವೆಯ ಬಳಿಯ ತಮಿಯಮ್ಮನ ಸಕ್ಕರೆ ಕಾಯಿಲೆ ಸಾಲಿನವರಿಗೆಲ್ಲ ಗೊತ್ತಾಯಿತು.

"ಯಂತ್ರಕ್ಕೇನೋ ಬೀಗ ಜಡಿದ್ರಿ. ಈ ಬಾಯಿಗೆ?" ಎಂದಳು ಹೆಂಡತಿ ಕಿನೂಯೆ.

"ಓದಿ ಹೇಳದೆ ಫೋನ್ ಇಡೋಕೆ ನಾನೇನು ಬೀದಿ ಪೋಲಿನಾ?"

"ತಲುಪಿತು ಅಂತ ಅದೇ ತಿಳಿಸತ್ತೆ, ಮಾವ."

"ಅದು ತಿಳಿಸಲಿ. ನಾನೂ ತಿಳಿಸ್ತೀನಿ."

ಅಂಗಡಿಯ ಗುಸುಗುಸು ಫೋನಿನ ಆ ಕಡೆಗೂ ಕೇಳಿಸಿತ್ತು. ಮರುದಿನ, ಶುಕ್ರವಾರ, ಆಸ್ಪತ್ರೆಯ ಪಥ್ಯದ ಮೇಲ್ವಿಚಾರಕಿ ಹಸುನುಮ ಬಂದು ಮೂಲೆಯಲ್ಲಿ ನಿಂತಳು. ಅಂಗಡಿಗೆ ಪಥ್ಯದ ಊಟದ ಕೆಲಸ ಉಳಿಯುವುದೂ ಹೋಗುವುದೂ ಅವಳ ಮಾತಿನ ಮೇಲಿತ್ತು.

ಸಾಲಿನ ಮುಂದೆ ಇಸಾಬುರೊ. ದೋಣಿ ಕಟ್ಟುವ ಬಡಗಿ, ತೊಕುಜಿಯ ಬಾಲ್ಯದ ಗೆಳೆಯ. ಕೆಲವು ವಾರ ಕಾಣೆಯಾಗಿದ್ದವನು ತಂಗಿಯ ಮನೆಗೆ ಹೋಗಿದ್ದೆ ಅನ್ನುತ್ತಿದ್ದ. ಕೊರಳಿಗೆ ದಪ್ಪ ಉಣ್ಣೆಯ ವಸ್ತ್ರ ಸುತ್ತಿದ್ದ.

"ಲೇ ತೊಕುಜಿ, ಕರಿದ ಬಂಗಡೆ! ದೊಡ್ಡದು ಹಾಕು. ತಂಗಿ ಮನೇಲಿ ಸೊಪ್ಪು ತಿಂದು ತಿಂದು ಮೇಕೆ ಆಗೋದೆ."

"ಗಡ್ಡ ನೋಡಿದ್ರೇ ಗೊತ್ತಾಗತ್ತೆ ಬಿಡು."

ಫೋನು ರಿಂಗಣಿಸಿತು. ತೊಕುಜಿ ಒಳಗೆ ಹೋಗಿ ಅಂಕಿ ಒತ್ತಿ ಪರದೆ ತೆರೆದ. ಮೊದಲ ಹೆಸರೇ ಇಸಾಬುರೊನದು. ಗಂಟಲ ಶಸ್ತ್ರಚಿಕಿತ್ಸೆ, ತೆಳು ಗಂಜಿ, ನುಣ್ಣಗೆ ಅರೆದ ಮೀನು, ಬೇರೇನೂ ಕೂಡದು.

"ಓದಿ ಹೇಳ್ತೀರಾ, ದಯವಿಟ್ಟು?" ಎಂದಿತು ಫೋನು.

ಅವನು ಎದೆ ತುಂಬ ಉಸಿರು ಎಳೆದುಕೊಂಡಿದ್ದ. ಅಂಗಡಿ ಅವನ ದನಿಗಾಗಿ ಕಿವಿಗೊಟ್ಟಿತ್ತು. ಮಿಜುಹೊ ಬಾಗಿಲ ಚೌಕಟ್ಟು ಹಿಡಿದುಕೊಂಡಳು.

"ಬಂದಿದೆ. ಎಲ್ಲ ಸರಿಯಾಗೇ ಬಂದಿದೆ. ಇಡ್ತೀನಿ."

ಇಟ್ಟೇಬಿಟ್ಟ. ಕಿವಿಗಳು ಕೆಂಪಾಗಿದ್ದವು.

"ಏನೋ, ಇವತ್ತು ಮಂತ್ರ ಇಲ್ವೇನೋ?" ಇಸಾಬುರೊ ಕೆಣಕಿದ.

"ಕಣ್ಣು ಹೋಯ್ತು ಕಣೋ. ಅಕ್ಷರಾನೇ ಕಾಣಲ್ಲ."

ಸಾಲೆಲ್ಲ ನಕ್ಕಿತು. ಅಳಿವೆಯಾಚೆಯ ದೋಣಿಯ ಹೆಸರು ಬರಿಗಣ್ಣಲ್ಲಿ ಓದುವ ತೊಕುಜಿಯೂ ಅವರೊಡನೆ ನಕ್ಕ. ಕಿನೂಯೆ ಒಲೆಯ ಮುಂದೆ ಸೌಟು ಹಿಡಿದವಳು ತಲೆಯೆತ್ತಿ, ಊರೆಲ್ಲ ನೋಡಿದರೆ ನೋಡಲಿ ಎಂಬಂತೆ, ಗಂಡನನ್ನೇ ನೋಡುತ್ತ ನಿಂತಳು.

ಡಬ್ಬಿಯನ್ನು ತೊಕುಜಿಯೇ ತುಂಬಿದ. ಎಲ್ಲರಿಗೂ ಕೊಡುವ ಕೆಂಪು ಡಬ್ಬಿ, ಎಲ್ಲರಿಗೂ ಕಟ್ಟುವ ಬಟ್ಟೆ. "ದೊಡ್ಡ ಬಂಗಡೆ!" ಎಂದು ಗಟ್ಟಿಯಾಗಿ ಕೂಗಿ ಕೈಗಿತ್ತ.

ಒಳಗೆ ಗಂಜಿ ತುಳುಕಿದ್ದು ಇಸಾಬುರೊನ ಕೈಗೆ ತಿಳಿಯಿತು. ಅವನು ಗೆಳೆಯನ ಮುಖ ನೋಡಿದ. "ದೊಡ್ಡದೇ ಹಾಕಿದೀಯ" ಎಂದ, ಮೆಲ್ಲಗೆ.

"ಸೋಮವಾರದಿಂದ ಇನ್ನೂ ಹೆಸರು ಬರ್ತವೆ. ನಿಮಗೇ ಕಳಿಸ್ತೀವಿ" ಎಂದು ಹಸುನುಮ ತಲೆಬಾಗಿ ಹೊರಟಳು. ಅವಳ ಹಿಂದೆಯೇ ಇಸಾಬುರೊ ಹೊರಟ. ಗಾಳಿ ಜೋರಾಗಿತ್ತು. ಡಬ್ಬಿ ಓರೆಯಾಗದಂತೆ ಎರಡೂ ಕೈಯಲ್ಲಿ ಹಿಡಿದು, ಬಂದರಿನ ಇಳಿಜಾರನ್ನು ಒಂದೊಂದೇ ಹೆಜ್ಜೆ ಇಳಿದುಹೋದ.