ಮೂಕ ರೇಡಿಯೋದ ಕಿವಿ

ಬ್ಯಾಡಗಿಯ ಆ ಗೋದಾಮಿನಲ್ಲಿ ಹೆಂಗಸರು ಮೂಗಿಗೆ ಸೆರಗು ಬಿಗಿದು, ಮೆಣಸಿನಕಾಯಿ ರಾಶಿಯ ಸುತ್ತ ಕುಳಿತು ತೊಟ್ಟು ಮುರಿಯತೊಡಗಿದರೆಂದರೆ ಗುತ್ತೆವ್ವನ ಕತೆ ಶುರುವಾಗಲೇಬೇಕು. ಕತೆಯಿಲ್ಲದ ದಿನ ಬೆರಳಿನ ಉರಿ ಹೆಚ್ಚು ಎಂಬುದು ಎಲ್ಲರ ಅನುಭವ. "ನೀ ಬರದಿದ್ದ ದಿನ ಚೀಲ ತುಂಬೂದಿಲ್ಲ ನೋಡು" ಎಂದು ಸಾವ್ಕಾರ ಅಂದಾನೆಪ್ಪನೇ ಒಮ್ಮೆ ಹೇಳಿದ್ದ. "ಹಂಗಾದ್ರ ಕತಿಗೂ ಕೂಲಿ ಕೊಡ್ರಿ ಸಾವ್ಕಾರ್ರ" ಎಂದು ಗುತ್ತೆವ್ವ ಕೇಳಿದ್ದಕ್ಕೆ, ಆತ ಕೇಳಿಸದವನಂತೆ ಹೊರಗೆ ನಡೆದಿದ್ದ.

ಗೋಡೆಯ ಗೂಡಿನಲ್ಲಿ ಒಂದು ಹಳೆಯ ರೇಡಿಯೋ ಇತ್ತು. ಅದು ಮೂಕವಾಗಿ ವರ್ಷಗಳೇ ಕಳೆದಿದ್ದವು. ಮೊಬೈಲು ಇನ್ನೂ ಸಾವ್ಕಾರರ ಕಿಸೆ ಬಿಟ್ಟು ಇಳಿಯದಿದ್ದ ಆ ಕಾಲದಲ್ಲಿ, ಈ ಹೆಂಗಸರಿಗೆ ಆ ಮೂಕ ರೇಡಿಯೋವೇ ದೊಡ್ಡ ಯಂತ್ರ. ಕತೆ ಹೋಗುವ ದಾರಿ ಯಾರಿಗಾದರೂ ಹಿಡಿಸದಿದ್ದರೆ ಎದ್ದು ಹೋಗಿ ಅದರ ಗುಂಡಿ ತಿರುವಬೇಕು. ಅದಕ್ಕೆ ಅವರು ಕಿವಿ ಹಿಂಡುವುದು ಎನ್ನುತ್ತಿದ್ದರು. ಕಿವಿ ಹಿಂಡಿದ ಮೇಲೆ ಗುತ್ತೆವ್ವ ಕತೆಯನ್ನು ಅವರು ಹೇಳಿದಂತೆ ಬದಲಿಸಲೇಬೇಕು.

"ರಾಜ ಸತ್ತ" ಎಂದರೆ ರಸೂಲಬಿ ಎದ್ದು ಕಿವಿ ಹಿಂಡಿ, "ಸಾಯೂದು ಬ್ಯಾಡ, ನೆಗಡಿ ಬಂದೈತಿ ಅನ್ನವಾ" ಎನ್ನುತ್ತಿದ್ದಳು. ಗುತ್ತೆವ್ವ ಸತ್ತ ರಾಜನನ್ನು ಎಬ್ಬಿಸಿ ಸೀನಿಸುತ್ತಿದ್ದಳು. "ಈ ಮಿಷನ್ ಕತಿ ಅಷ್ಟ ಅಲ್ಲ, ಲೋಕಾನೂ ತಿರುವತೈತಿ" ಎಂದು ಜಂಭ ಕೊಚ್ಚುತ್ತಿದ್ದಳು. ಅದು ಖರೆಯಾಗುತ್ತದೆಂದು ಆಕೆಗೂ ಗೊತ್ತಿರಲಿಲ್ಲ.

ಮಾರ್ಚ್ ತಿಂಗಳ ಒಂದು ಬೆಳಿಗ್ಗೆ ಚೌಡವ್ವ ಮಗಳು ಭುವನಾಳನ್ನೂ ಕರೆದುಕೊಂಡು ಬಂದಳು. ಹುಡುಗಿ ತುಟಿಪಿಟಕ್ಕೆನ್ನದೆ ರಾಶಿಯ ಮುಂದೆ ಕುಳಿತು ತೊಟ್ಟು ಮುರಿಯತೊಡಗಿದಳು. ರೂಢಿಯಿಲ್ಲದ ಬೆರಳುಗಳು ಬೇಗನೇ ಕೆಂಪಾದವು.

"ನಾಳಿ ಪಿಯುಸಿ ಪರೀಕ್ಷಾ ಇಟ್ಕೊಂಡು ಈಕೀನ್ಯಾಕ ಕರ್ಕೊಂಡು ಬಂದಿ ಚೌಡವ್ವಾ?" ಗುತ್ತೆವ್ವ ಕೇಳಿದಳು.

"ಪರೀಕ್ಷಾ ಕಂಡೇನಿ ಬಿಡಕ್ಕಾ. ಇವರಪ್ಪ ಬಸ್ ಪಾಸ್ ಕಸಗೊಂಡಾನ. ಈಕಿ ರಾಣೇಬೆನ್ನೂರ ಬಸ್‌ಸ್ಟ್ಯಾಂಡಿನಾಗ ಯಾವನೋ ಹುಡುಗನ ಕೆಂಪು ಗಾಡಿ ಹತ್ತಿ ಮೇಡ್ಲೇರಿಗೆ ಹೋದ್ಲಂತ. ಹೊಳಿ ದಂಡಿಗೆ ಕುಂತು ಇಬ್ಬರೂ ಪೇರಲಹಣ್ಣು ತಿಂದ್ರಂತ. ಮಾರ್ಕೆಟ್ಟಿಗೆ ಮಾರ್ಕೆಟ್ಟ ಮಾತಾಡಾಕತ್ತೈತಿ. 'ಹೋಗಿಲ್ಲ' ಅಂತ ಈಕಿ ಆಣಿ ಮಾಡಿದ್ರೂ ಅವ ಕೇಳವಲ್ಲ. ಪರೀಕ್ಷಾನೂ ಬ್ಯಾಡ, ಕಾಲೇಜೂ ಬ್ಯಾಡ ಅಂತಾನ."

ಗುತ್ತೆವ್ವನ ಕೈ ತಟ್ಟನೆ ನಿಂತಿತು. ಪೇರಲಹಣ್ಣು!

ಆ ಹಣ್ಣನ್ನು ಹೊಳೆ ದಂಡೆಗೆ ಒಯ್ದಿಟ್ಟವಳು ತಾನೇ. ಹೋದ ವಾರ ಅರಮನೆಯಲ್ಲಿ ಕೂಡಿಹಾಕಿದ ರಾಜಕುಮಾರಿಯ ಕತೆ ಹೇಳುತ್ತಿದ್ದಾಗ ರಸೂಲಬಿ ಕಿವಿ ಹಿಂಡಿ, "ಅರಮನಿ ಸಾಕು, ರಾಣೇಬೆನ್ನೂರ ಕಾಲೇಜಿಗೆ ಕಳಸು" ಎಂದಿದ್ದಳು. ಮತ್ತೊಮ್ಮೆ ಹಿಂಡಿ, "ಕುದುರಿ ಬ್ಯಾಡ, ಕೆಂಪು ಗಾಡಿ ಕೊಡು" ಎಂದಿದ್ದಳು. ಮೇಡ್ಲೇರಿ ಹೊಳೆಯನ್ನೂ ಹಣ್ಣನ್ನೂ ಗುತ್ತೆವ್ವ ತನ್ನ ಕಡೆಯಿಂದ ಸೇರಿಸಿದ್ದಳು. ಈಗ ಅದೇ ಕತೆ ಊರು ಸುತ್ತಿ, ಹೆಸರಿಟ್ಟುಕೊಂಡು ಬಂದಿತ್ತು.

ಚೌಡವ್ವನೊಬ್ಬಳಿಗೆ ಇದನ್ನು ಹೇಳಿ ಪ್ರಯೋಜನವಿಲ್ಲವೆಂದು ಗುತ್ತೆವ್ವನಿಗೆ ತಿಳಿಯಿತು. ಮಾರ್ಕೆಟ್ಟಿನಲ್ಲಿ ಬೆಳೆದದ್ದನ್ನು ನಾಲ್ಕು ಜನರೆದುರೇ ಬಿಚ್ಚಬೇಕು. ಮಧ್ಯಾಹ್ನ ಭುವನಾಳ ಅಪ್ಪ, ಹಮಾಲ ಹೇಮಪ್ಪ, ಜೊತೆಯವರೊಂದಿಗೆ ಚೀಲ ಎತ್ತಲು ಬರುವವರೆಗೂ ಆಕೆ ಬಾಯಿ ಬಿಡಲಿಲ್ಲ.

"ಹೇಮಪ್ಪಾ, ಚೀಲ ಆಮ್ಯಾಲ ಹೊರೂವಂತಿ. ಕುಂದ್ರು."

"ಪುರಸೊತ್ತಿಲ್ಲಬೇ ಅಕ್ಕಾ."

"ಚಹಾದಂಗಡ್ಯಾಗ ಕುಂತು ಮಗಳ ಸುದ್ದಿ ಕೇಳಾಕ ಪುರಸೊತ್ತಿತ್ತೇನ?"

ಹೇಮಪ್ಪನ ಮುಖ ಬಿಗಿಯಿತು. "ನಿನಗೇನ್ ಬೇ, ಕತಿ ಹೇಳಿ ಮನೀಗೆ ಹೋಗ್ತಿ. ನಾ ಇದ ಮಾರ್ಕೆಟ್ಟಿನಾಗ ಎಲ್ಲಾರ ಮುಂದ ಅಡ್ಡಾಡಾಂವ. ಚೀಲ ಹೊತ್ತಾಗ ಹಿಂದ ನಗ್ತಾರ. ತಿರುಗಿ ನೋಡಾಕೂ ಆಗೂದಿಲ್ಲ. ಮನ್ಯಾಗ ಇನ್ನೊಂದು ಹುಡುಗಿ ಐತಿ, ಆಕೀನ ಯಾರ ಮಾಡ್ಕೋತಾರ?"

"ನಿನ್ನ ಸಂಕಟ ಸುಳ್ಳಲ್ಲ. ಸುದ್ದಿ ಸುಳ್ಳು" ಎಂದು ಗುತ್ತೆವ್ವ ಎದ್ದು ರೇಡಿಯೋದ ಗುಂಡಿಯನ್ನು ಹಿಂದಕ್ಕೆ ತಿರುವಿದಳು. "ನಿನಗ ಯಾರು ಹೇಳಿದ್ರು?"

"ಚಹಾದಂಗಡಿಯಾಂವ. ಮೈಲವ್ವನ ಗಂಡ."

ಗುಂಡಿ ಇನ್ನೊಂದು ಸುತ್ತು ತಿರುಗಿತು. ಎಲ್ಲರೂ ರಾಶಿಯ ಆಚೆ ತೊಟ್ಟು ಮುರಿಯುತ್ತ ಕುಳಿತಿದ್ದ ಮೈಲವ್ವನತ್ತ ನೋಡಿದರು. ಆಕೆ ಸೆರಗಿನೊಳಗೇ ತೊದಲಿದಳು. "ನಾ ತೂಕ ಮಾಡಿಸ್ಕೊಂಡು ಬರೂದ್ರಾಗ ಗಾಡಿ, ಹೊಳಿ ಅಂತ ಮಾತು ನಡದಿತ್ತು. ಯಾವ ಹುಡುಗಿ ಅಂತ ಕೇಳ್ದೆ. ರಸೂಲಬಿ ಭುವನಾ ಅಂದ್ಲು. ಖರೇ ಅಂತ ತಿಳದು ಮನ್ಯಾಗ ಹೇಳ್ದೆ."

ಮತ್ತೊಂದು ಸುತ್ತು.

"ಯಾ ಅಲ್ಲಾ! ನಾ ಚಾಷ್ಟಿಗೆ, ನಗಸಾಕ ಅಂದೆನವಾ!" ರಸೂಲಬಿ ಎದೆಗೆ ಕೈ ಒತ್ತಿಕೊಂಡಳು. "ನಮ್ಮವರಾಗ ಅಲ್ಲಿ ಕಾಲೇಜಿಗೆ ಹೋಗಾಕಿ ಆಕಿ ಒಬ್ಬಾಕೀನ ಅಲ್ಲೇನು, ಅದಕ್ಕ ಅಂದೆ."

"ಗಾಡಿ ರಸೂಲಬಿದು. ಹೊಳಿ, ಪೇರಲಹಣ್ಣು ನಂದು" ಎಂದಳು ಗುತ್ತೆವ್ವ. "ಇದರಾಗ ನಿನ್ನ ಮಗಳದು ಏನೂ ಇಲ್ಲ ಹೇಮಪ್ಪಾ. ಮೈಲವ್ವಾ, ಒಯ್ದಾಕಿ ನೀನು, ಗಂಡನ ಮುಂದ ವಾಪಸ್ ಬಿಚ್ಚಾಕಿನೂ ನೀನ."

ಹೇಮಪ್ಪ ಉಸಿರು ಬಿಟ್ಟ. ಮುಖದಲ್ಲಿ ನಗೆಯೂ ಮೂಡಿತು. "ಹಂಗಾದ್ರ ನನ್ನ ಮಗಳು ಯಾವ ಹುಡುಗನ ಜೋಡಿನೂ ಮಾತಾಡಿಲ್ಲ!"

"ಮಾತಾಡೇನಿ ಅಪ್ಪಾ" ಎಂದಳು ಭುವನಾ.

ಬೆಳಗಿನಿಂದ ಆಕೆ ಆಡಿದ ಮೊದಲ ಮಾತು ಅದು. "ಗಾಡಿ ಹತ್ತಿಲ್ಲ. ಸಿದ್ದಲಿಂಗೇಶ ಅಂತ ನಮ್ಮ ಕ್ಲಾಸಿನಾಂವ ಅದಾನ. ಬಸ್‌ಸ್ಟ್ಯಾಂಡಿನಾಗ ಅವನ ಕಡೆ ಲೆಕ್ಕ ಹೇಳಿಸ್ಕೋತೇನಿ. ಅವಗ ಬರದಿದ್ದು ನಾ ಹೇಳಿಕೊಡ್ತೇನಿ. ಮುಂದೂ ಮಾತಾಡ್ತೇನಿ."

ಹಮಾಲರು ಒಬ್ಬರ ಮುಖ ಒಬ್ಬರು ನೋಡಿದರು. ಚೌಡವ್ವ ಧಡಕ್ಕನೆ ಎದ್ದು ಗೂಡಿನತ್ತ ಓಡಿದಳು. "ಅಕ್ಕಾ, ಇದೊಂದು ಕಿವಿ ಹಿಂಡ್ತೇನಿ. ಬಸ್‌ಸ್ಟ್ಯಾಂಡಿನಾಗ ಯಾವ ಹುಡುಗನೂ ಇರಲಿಲ್ಲ ಅಂದುಬಿಡು!"

ಗುತ್ತೆವ್ವ ಗುಂಡಿಯ ಮೇಲೆ ಅಂಗೈ ಮುಚ್ಚಿದಳು. ಅಷ್ಟು ವರ್ಷಗಳಲ್ಲಿ ಆಕೆ ಯಾರನ್ನೂ ಹಾಗೆ ತಡೆದಿರಲಿಲ್ಲ.

"ಅದು ಕತಿ ಇತ್ತು, ತಿರುವಿದ್ವಿ. ಇದು ನಡದದ್ದು. ಇದರಾಗ ತಿರುವೂವಂಥಾದ್ದು ಏನೈತಿ ಚೌಡವ್ವಾ?"

ಚೌಡವ್ವ ಗೂಡಿನಿಂದ ಹಿಂದೆ ಸರಿದಳು. ಹೇಮಪ್ಪ ಮಗಳ ಮುಖ ನೋಡಲಾರದೆ ಕೈ ನೋಡಿದ. ಬೆರಳುಗಳು ಊದಿಕೊಂಡಿದ್ದವು. ಮುಟ್ಟಲು ಹೋಗಿ, ತನ್ನ ಕೈಗೂ ಖಾರ ಹತ್ತಿದೆಯೆಂದು ಹಿಂದೆಗೆದ. ಆಮೇಲೆ ಅಂಗಿ ಕಿಸೆಯಿಂದ ಬಸ್ ಪಾಸ್ ತೆಗೆದು, ಅಂಗಿಯ ತುದಿಗೇ ಒರೆಸಿ, ಅವಳ ಮಡಿಲಿಗಿಟ್ಟ.

"ಮನೀಗೆ ನಡಿ. ಕೈಗೆ ಕೊಬ್ಬರಿ ಎಣ್ಣಿ ಹಚ್ಕೋ. ಇಂಥಾ ಕೈಲೆ ನಾಳಿ ಪೆನ್ನು ಹಿಡ್ಯಾಕ ಬರೂದಿಲ್ಲ."

ಅವನು ಚೀಲ ಹೊತ್ತು ಹೊರಬಿದ್ದ. ಗುತ್ತೆವ್ವ ಬಾಗಿಲಿಗೆ ಬಂದು ನಿಂತಳು. ಎದುರಿನ ಚಹಾದಂಗಡಿಯಿಂದ ಯಾರೋ ನಗುತ್ತ ಕೂಗಿದರು. "ಏನ್ ಹೇಮಪ್ಪಾ, ಏನಂತಾಳ ನಿನ್ನ ಮಗಳು?"

ಹೇಮಪ್ಪ ಚೀಲ ಹೊತ್ತೇ ಮೈಯಿಡೀ ಅತ್ತ ತಿರುಗಿ ನಿಂತ.

"ಬಸ್‌ಸ್ಟ್ಯಾಂಡಿನಾಗ ಹುಡುಗರ ಜೋಡಿ ಕುಂತು ಲೆಕ್ಕ ಕಲೀತಾಳ. ನಾಳಿ ಪರೀಕ್ಷಾ ಐತಿ ಆಕೀದು."