ಅತ್ತೆಯನ್ನೇ ಕೇಳಿದ ದಿನ

ಸೊಸೆ ಅತ್ತೆಯನ್ನು ಎಡಮಗ್ಗುಲಿಗೆ ಹೊರಳಿಸಿ ಬೆನ್ನ ಹಿಂದೆ ದಿಂಬು ಒತ್ತುತ್ತಿದ್ದಳು. ಶ್ವಾಸಕೋಶದ ಕಾಯಿಲೆಗೆ ಆ ಬೆನ್ನು ಬರೀ ಮೂಳೆಯಾಗಿತ್ತು. ಹೊಲಿಗೆ ಯಂತ್ರದ ಮೇಲೆ ಬಾಗಿ ಬಾಗಿಯೇ ಈ ಮನೆ ನಡೆಸಿದ ಬೆನ್ನು ಅದು.

ಬಾಗಿಲಾಚೆ ಗಂಡನೂ ಅವನ ಅಕ್ಕನೂ ಪಿಸುಗುಡುತ್ತಿದ್ದರು. ಇನ್ನು ವಾಸಿಯಾಗುವುದಿಲ್ಲ ಎಂದು ಆಸ್ಪತ್ರೆಯವರು ಹೇಳಿಬಿಟ್ಟಿದ್ದರು. ಮುಂದಿನ ಸಲ ಉಸಿರು ಕಟ್ಟಿದರೆ ಗಂಟಲಿಗೆ ಕೊಳವೆ ಇಳಿಸಿ ಯಂತ್ರಕ್ಕೆ ಜೋಡಿಸಬೇಕೋ ಬೇಡವೋ, ಮನೆಯವರೇ ತೀರ್ಮಾನಿಸಬೇಕಿತ್ತು.

"ಹಾಕ್ಸೋದೇ. ಹೆತ್ತ ತಾಯೀನ ಕೈಯಾರೆ ಸಾಯಿಸ್ತೀಯೇನೋ?"

"ನಾನೆಲ್ಲಿ ಹಂಗಂದೆ ಅಕ್ಕಾ?"

ಅಷ್ಟರಲ್ಲಿ, ಆಗಾಗ ಮನೆಗೆ ಬಂದು ನೋಡಿಹೋಗುವ ನರ್ಸ್ ಬಂದರು. ಇಬ್ಬರ ಮಾತೂ ಅವರ ಕಿವಿಗೆ ಬಿದ್ದಿತ್ತು. "ಅಮ್ಮನ್ನ ಕೇಳಿದ್ರಾ?"

"ಮೆಲ್ಲಗೆ! ಕಾಯಿಲೆಯೋರ ಮುಂದೆ ಸಾವಿನ ಮಾತಾ?" ಅಕ್ಕ ಗದರಿದಳು.

ಒಳಗಿನಿಂದ ತೆಳು ದನಿ ಬಂತು. "ನಂಗೆ ಕೆಟ್ಟಿರೋದು ಶ್ವಾಸಕೋಶ ಕಣೇ, ಕಿವಿಯಲ್ಲ."

ಎಲ್ಲರೂ ಒಳಗೆ ಬಂದರು. ಅತ್ತೆ ಮಾತು ಮಾತಿಗೂ ಉಸಿರೆಳೆದುಕೊಂಡರು. "ಇಷ್ಟು ವರ್ಷ ಹೊಲಿದೆ. ಒಬ್ಬಳ ಅಳತೆ ತಗೊಂಡು ಇನ್ನೊಬ್ಬಳಿಗೆ ಹೊಲಿದ್ನಾ? ತೊಡೋರನ್ನ ಮುಂದೆ ನಿಲ್ಲಿಸ್ಕೊಂಡೇ ಅಲ್ವಾ ಟೇಪ್ ಹಿಡೀತಿದ್ದಿದ್ದು? ನನ್ನ ಸಾವಿಗೂ ನನ್ನನ್ನೇ ಕೇಳಿ. ಸಿಸ್ಟರ್, ಒಂದು ಸೂಜಿ ಚುಚ್ಚಿ ಮುಗಿಸಿಬಿಡಿ."

ನರ್ಸ್ ಮಂಚದ ಅಂಚಿಗೆ ಕೂತರು. "ಅದು ನನ್ನ ಕೈಲಾಗಲ್ಲಮ್ಮ. ಇಲ್ಲಿ ಅದಕ್ಕೆ ಕಾನೂನಿಲ್ಲ."

"ಇರಬೇಕಿತ್ತು."

"ಆದ್ರೆ ಯಂತ್ರ ಬೇಡ ಅನ್ನೋ ಹಕ್ಕು ನಿಮ್ಮದು. ಡಾಕ್ಟರ್ ಹತ್ರ ಮಾತಾಡಿ ಬರೆಸಿಡೋಣ. ಮನಸ್ಸು ಬದಲಾದ್ರೆ ಬದಲಾಯಿಸ್ಬಹುದು. ಹಾಗಂತ ನಿಮ್ಮನ್ನ ಕೈಬಿಡಲ್ಲ. ನೋವಿಗೆ, ಉಸಿರಿನ ಸಂಕಟಕ್ಕೆ ಔಷಧಿ ಕೊಡ್ತಾನೇ ಇರ್ತೀವಿ."

"ಅದು ಸಾಯಿಸಿದ ಹಂಗೇ ಅಲ್ವಾ?" ಅಕ್ಕನ ದನಿ ಒಡೆಯಿತು.

"ಇಲ್ಲಮ್ಮ. ಪ್ರಾಣ ತೆಗೀತಿರೋದು ಕಾಯಿಲೆ. ಯಂತ್ರ ಅದನ್ನ ವಾಸಿ ಮಾಡಲ್ಲ."

ಅತ್ತೆ ಮಗಳತ್ತ ನೋಡಿದರು. "ಯಂತ್ರ ಬೇಡ. ಇಲ್ಲೇ ಇರ್ತೀನಿ. ನೀವಿಬ್ರೂ ಜಗಳ ಆಡ್ಬೇಡಿ, ಅಷ್ಟು ಸಾಕು."

ಅಕ್ಕ ತಾಯಿಯ ಪಾದಕ್ಕೆ ಹಣೆಯಿಟ್ಟು ಅತ್ತಳು. ಕೊನೆಗೆ, "ಆಯ್ತಮ್ಮ" ಎಂದಳು.

ಗಂಡನೂ ತಲೆಯಾಡಿಸಿದ. ಆದರೆ ಅವನು ಮೊಬೈಲಿನಲ್ಲಿ ಆಂಬುಲೆನ್ಸ್ ನಂಬರನ್ನೇ ನೋಡುತ್ತಿದ್ದುದನ್ನು ಸೊಸೆ ಕಂಡಳು. ತಾಯಿಯ ಉಸಿರು ಕಟ್ಟಿದ ಗಳಿಗೆಯಲ್ಲಿ ಇವನು ತಡೆಯಲಾರದೆ ಕರೆದುಬಿಡುತ್ತಾನೆ. ಆಗ ಫೋನ್ ಕಿತ್ತುಕೊಂಡು ನರ್ಸಿಗೆ ಕರೆ ಮಾಡುವವಳು ತಾನೇ. ನೆಂಟರೆಲ್ಲ ಕಟುಕಿ ಅಂದರೂ ಅನ್ನಲಿ. ಹಾಗೆಂದು ನಿಶ್ಚಯಿಸಿದಳು. ಯಾರಿಗೂ ಹೇಳಲಿಲ್ಲ.

ಅಕ್ಕಂದಿರೇ, ಅಣ್ಣಂದಿರೇ, ಇಂಥ ಭಾರ ಒಬ್ಬಳೇ ಹೊರುವಂತಾಗಬಾರದು. ನಿಮ್ಮವರ ಪಕ್ಕದಲ್ಲಿ ಕೂತು, ಕೊನೆಗಾಲ ಹೇಗಿರಬೇಕೆಂದು ಅವರನ್ನೇ ಕೇಳಿ. ನಿಮಗೇನು ಬೇಕೆಂಬುದನ್ನೂ ಮಾತಾಡುವ ಶಕ್ತಿ ಇರುವಾಗಲೇ ಹೇಳಿಡಿ.